ನಕ್ಷೆಯಲ್ಲಿ ಉಳಿದದ್ದು

ವರ್ಣಭೇದವೆಂದೊಡನೆ ಕೇಳುಗರಿಗೆ ನೆನಪಾಗುವುದು ‘ಬಿಳಿಯರಿಗೆ ಮಾತ್ರ’ ಎಂಬ ಹಲಗೆ. ಡರ್ಬನ್ನಿನ ಕಡಲತೀರದಲ್ಲಿ, ಉದ್ಯಾನದ ಬೆಂಚುಗಳ ಮೇಲೆ ಅದನ್ನು ಓದುತ್ತಲೇ ಬೆಳೆದವನು ನಾನು. ಆ ಹಲಗೆಗಳನ್ನು ಕಿತ್ತು ಮೂವತ್ತು ವರ್ಷಗಳ ಮೇಲಾಯಿತು. ಊರಿನ ನಕ್ಷೆ ಮಾತ್ರ ಬಹುಮಟ್ಟಿಗೆ ಹಾಗೆಯೇ ಇದೆ.

ಕಬ್ಬಿನ ತೋಟಗಳಿಗೆ ಕೂಲಿಗಳಾಗಿ ಹೋದ ತಮಿಳರ ಮೂರನೆಯ ತಲೆಮಾರು ನಮ್ಮದು. ಕನ್ನಡ ನನಗೆ ಒಲಿದದ್ದು ಮೈಸೂರಿಗೆ ಓದಲು ಬಂದ ಮೇಲೆ. ಕೇಟೊ ಮ್ಯಾನರಿನ ಇಳಿಜಾರಿನಲ್ಲಿ ತಂದೆಯವರು ತರಕಾರಿ ಬೆಳೆಯುತ್ತಿದ್ದರು. 1950ರಲ್ಲಿ ಬಂದ ಕಾಯಿದೆಯೊಂದು ಯಾವ ಬಣ್ಣದವರು ಎಲ್ಲಿ ವಾಸಿಸಬೇಕೆಂದು ಗೆರೆ ಎಳೆಯಿತು. ನಮ್ಮ ಇಳಿಜಾರು ಬಿಳಿಯರ ಪಾಲಾಯಿತು. ನೆರೆಯ ಜೂಲು ಕುಟುಂಬಗಳನ್ನು ಮೊದಲೇ ಕ್ವಾಮಾಶುವಿಗೆ ಅಟ್ಟಿದ್ದರು. 1960ರ ದಶಕದಲ್ಲಿ ನಮ್ಮ ಸರದಿ. ಭಾರತೀಯರಿಗೆಂದೇ ಕಟ್ಟಿದ ಚಾಟ್ಸ್‌ವರ್ತ್‌ನಲ್ಲಿ ಒಂದೇ ಅಚ್ಚಿನ ಮನೆಗಳು, ಚಾಪೆಯಗಲದ ಅಂಗಳ. ತಂದೆಯವರು ಅಲ್ಲಿ ಗುದ್ದಲಿ ಹಿಡಿಯಲೇ ಇಲ್ಲ. ನಾವು ಬಿಟ್ಟುಬಂದ ನೆಲವಾದರೋ ದಶಕಗಳ ಕಾಲ ಬಹುಪಾಲು ಪಾಳುಬಿದ್ದಿತ್ತು! ಯಾರಿಗಾಗಿ ನಮ್ಮನ್ನು ಎಬ್ಬಿಸಿದರೋ ಕಾಣೆ.

1991ರಲ್ಲಿ ಆ ಕಾಯಿದೆ ರದ್ದಾಯಿತು. ಕಳೆದ ನೆಲವನ್ನು ಮರಳಿ ಕೇಳುವ ಹಕ್ಕು 1994ರಲ್ಲಿ ಶಾಸನವಾಯಿತು. ಅಷ್ಟರೊಳಗೆ ತಂದೆಯವರು ತೀರಿಕೊಂಡಿದ್ದರು. ತಮ್ಮನ ಮೊಮ್ಮಕ್ಕಳು ಈಗಲೂ ಚಾಟ್ಸ್‌ವರ್ತ್‌ನಲ್ಲಿಯೇ ಇದ್ದಾರೆ. ಬೇರೆಡೆ ಮನೆ ಕೊಳ್ಳಲು ಇಂದು ಯಾವ ಕಾಯಿದೆಯೂ ಅಡ್ಡ ಬರುವುದಿಲ್ಲ. ಬೆಲೆ ಅಡ್ಡ ಬರುತ್ತದೆ. ಅವರ ಬೀದಿಯಲ್ಲಿ ಬಿಳಿಯರ ಮನೆ ಒಂದೂ ಇಲ್ಲ.