ರಾತ್ರಿ ನಿಂತ ಮೂರ್ತಿ, ಹಗಲಿನ ಪ್ರಶ್ನೆ
(ದಡ್ಡಿಯಲ್ಲಿ ಸೇರಿದ್ದ ವಿದ್ಯಾರ್ಥಿಗಳ ಸಭೆಯಲ್ಲಿ ಆಡಿದ ಮಾತು)

ಗೆಳೆಯರೇ, ಹಾಸ್ಟೆಲ್ಲಿನ ತಮ್ಮಂದಿರೇ, ತಂಗಿಯರೇ,

ಇವತ್ತು ನಾವು ಮೂರ್ತಿಗಳ ವಿಷಯ ಮಾತಾಡಬೇಕಾಗಿದೆ. ಕೂಲಿ, ಭೂಮಿ, ಸ್ಕಾಲರ್‌ಶಿಪ್ಪು ಬಿಟ್ಟು ಈ ಕಲ್ಲಿನ ಮಾತು ಯಾಕ್ರಿ ಅಂತ ನಿಮ್ಮಲ್ಲಿ ಕೆಲವರು ಕೇಳಬಹುದು. ಯಾಕಂದ್ರ, ಕಲ್ಲಿನ ಜಗಳ ಶುರುವಾದಾಗ ಮೊದಲು ಕರೆ ಬರೋದು ನಿಮಗ. ಬಾವುಟ ಹಿಡಿಯಾಕ ನೀವು, ಘೋಷಣೆ ಕೂಗಾಕ ನೀವು, ಲಾಠಿ ತಿನ್ನಾಕ ನೀವು.

ನಾವೂ ಒಂದು ಕಾಲಕ್ಕೆ ಹಾಸ್ಟೆಲ್ಲಿನ ಹುಡುಗರೇ. ನಮ್ಮನ್ನೂ ಒಂದು ರಾತ್ರಿ ಲಾರಿಯಲ್ಲಿ ತುಂಬಿಕೊಂಡು ಹೋಗಿದ್ದರು. ಯಾರ ಮೂರ್ತಿ, ಯಾಕೆ ಜಗಳ ಅಂತ ನಾವು ಕೇಳಲಿಲ್ಲ. ಬುತ್ತಿ ಕೊಟ್ಟರು, ಬಾವುಟ ಕೊಟ್ಟರು. ಕಲ್ಲು ತೂರಾಟ ಶುರುವಾದ ಕೂಡಲೇ ಲಾರಿ ನಮ್ಮನ್ನು ಬಿಟ್ಟು ಹೋಯಿತು. ನಮ್ಮಲ್ಲೊಬ್ಬನ ಮೇಲೆ ಕೇಸು ಬಿತ್ತು. ಅವನಿಗೆ ಸಿಗಬೇಕಾದ ನೌಕರಿ ಆ ಕೇಸಿನಿಂದ ತಪ್ಪಿತು. ಆ ಮೂರ್ತಿ ಇವತ್ತಿಗೂ ನಿಂತಿದೆ, ಅವನು ಇವತ್ತಿಗೂ ಗಾರೆ ಕೆಲಸಕ್ಕೆ ಹೋಗುತ್ತಾನೆ.

ದೂರದ ಮಾತು ಬೇಡ. ಇದೇ ಹುಕ್ಕೇರಿ ತಾಲೂಕಿನ ಮಣಗುತ್ತಿಯನ್ನು ನೆನಪು ಮಾಡಿಕೊಳ್ಳಿ. 2020ರ ಆಗಸ್ಟ್‌ನಲ್ಲಿ ಅಲ್ಲಿ ಶಿವಾಜಿ ಮಹಾರಾಜರ ಮೂರ್ತಿ ನಿಂತಿತು. ತಕರಾರು ಎದ್ದಿತು, ಮೂರ್ತಿಯನ್ನು ತೆಗೆದರು. ಸುದ್ದಿ ಗಡಿ ದಾಟಿ ಮಹಾರಾಷ್ಟ್ರದಲ್ಲಿ ಪ್ರತಿಭಟನೆಗಳಾದವು. ಅದೇ ತಿಂಗಳ ಕೊನೆಗೆ ಬೆಳಗಾವಿ ಪಕ್ಕದ ಪೀರನವಾಡಿಯಲ್ಲಿ ರಾತ್ರೋರಾತ್ರಿ ಸಂಗೊಳ್ಳಿ ರಾಯಣ್ಣನ ಮೂರ್ತಿ ನಿಂತಿತು. ಎರಡು ಗುಂಪು ಎದುರುಬದುರಾದವು, ಪೊಲೀಸರು ಲಾಠಿ ಬೀಸಿದರು. 2021ರ ಡಿಸೆಂಬರ್‌ನಲ್ಲಿ ಬೆಂಗಳೂರಿನಲ್ಲಿ ಶಿವಾಜಿ ಮೂರ್ತಿಗೆ ಮಸಿ ಬಿತ್ತು, ಬೆಳಗಾವಿಯ ಅನಗೋಳದಲ್ಲಿ ರಾಯಣ್ಣನ ಮೂರ್ತಿಗೆ ಏಟು ಬಿತ್ತು.

ರಾಯಣ್ಣ ಯಾರು? ಕಿತ್ತೂರಿಗಾಗಿ ಕಂಪನಿ ಸರಕಾರದ ಮೇಲೆ ಕಾದಾಡಿ 1831ರಲ್ಲಿ ನಂದಗಡದಲ್ಲಿ ಗಲ್ಲಿಗೇರಿದ ಕುರುಬರ ಮನೆಯ ಮಗ. ಶಿವಾಜಿ ಯಾರು? ನೀನು ಕ್ಷತ್ರಿಯನಲ್ಲ ಎಂದು ಪಟ್ಟಾಭಿಷೇಕಕ್ಕೆ ಪುರೋಹಿತರು ತಕರಾರು ತೆಗೆದ ರಾಜ. ಆತನ ಮೇಲೆ 1869ರಲ್ಲಿ ಲಾವಣಿ ಬರೆದವರು ಮಹಾತ್ಮ ಫುಲೆ. ಆತನ ಮನೆತನದ ಕೊಲ್ಲಾಪುರದ ಗಾದಿಯಲ್ಲಿ ಕೂತು 1902ರಲ್ಲಿ ಹಿಂದುಳಿದವರಿಗೆ ನೌಕರಿಯಲ್ಲಿ ನೂರಕ್ಕೆ ಐವತ್ತು ಕಾಯ್ದಿರಿಸಿದವರು ಶಾಹೂ ಮಹಾರಾಜರು. ರಾಯಣ್ಣನಿಗೂ ಶಿವಾಜಿಗೂ ಏನು ಜಗಳ? ಇಬ್ಬರೂ ಒಂದು ಕಾಲದವರೇ ಅಲ್ಲ. ಜಗಳ ಹಚ್ಚಿದವರಿಗೆ ಬೇಕಾದದ್ದು ಚೌಕ, ಬೇಕಾದದ್ದು ಓಟು. ಈಚೆ ಕೇರಿಯ ಕನ್ನಡದವನೂ ಆಚೆ ಕೇರಿಯ ಮರಾಠಿಯವನೂ ಊರ ಹೊರಗೇ ಇದ್ದಾರೆ. ಚೌಕದ ಹೆಸರು ಬದಲಾದರೆ ಕೇರಿಗೆ ನೀರು ಬರ್ತದೇನ್ರಿ?

ಹಾಗಾದರೆ ಯಾವ ಮೂರ್ತಿಯನ್ನೂ ಮುಟ್ಟಬಾರದೇ? ನಾವು ಹಾಗೆ ಹೇಳುವುದಿಲ್ಲ. ತೆಗೆಯಲೇಬೇಕಾದ ಮೂರ್ತಿಗಳಿವೆ.

ಜೈಪುರದಲ್ಲಿ ರಾಜಸ್ಥಾನ ಹೈಕೋರ್ಟಿನ ಆವರಣದೊಳಗೆ 1989ರಲ್ಲಿ ಮನುವಿನ ಮೂರ್ತಿ ನಿಲ್ಲಿಸಿದರು. 1927ರ ಡಿಸೆಂಬರ್ 25ರಂದು ಮಹಾಡದಲ್ಲಿ ಬಾಬಾಸಾಹೇಬರು ಮುಂದೆ ನಿಂತು ಸುಡಿಸಿದ ಗ್ರಂಥ ಯಾವನ ಹೆಸರಿನದೋ ಅವನಿಗೆ ನ್ಯಾಯದ ಅಂಗಳದಲ್ಲೇ ಪೀಠ! ವಿರೋಧ ಬಂತು. ಅದೇ ವರ್ಷ ಹೈಕೋರ್ಟಿನ ನ್ಯಾಯಾಧೀಶರೇ ಸಭೆ ಕೂಡಿ ಮೂರ್ತಿ ತೆಗೆಯಲು ತೀರ್ಮಾನಿಸಿದರು. ಆ ತೀರ್ಮಾನಕ್ಕೆ ತಡೆಯಾಜ್ಞೆ ಬಂತು. ವರ್ಷಗಳು ಉರುಳಿದವು, ಮೂರ್ತಿ ಕದಲಲಿಲ್ಲ. 2018ರ ಅಕ್ಟೋಬರ್‌ನಲ್ಲಿ ಮಹಾರಾಷ್ಟ್ರದಿಂದ ಹೋದ ಇಬ್ಬರು ಹೆಣ್ಣುಮಕ್ಕಳು ಅದಕ್ಕೆ ಮಸಿ ಬಳಿದು ಬಂಧನಕ್ಕೊಳಗಾದರು.

ಭೂಮಿ ಕಳಕೊಂಡ ಮುದುಕ, ಮಾನ ಕಳಕೊಂಡ ಮಗಳ ತಾಯಿ ಆ ಕೋರ್ಟಿಗೆ ನ್ಯಾಯ ಕೇಳಲು ಬರುತ್ತಾರೆ. ಒಂದೇ ತಪ್ಪಿಗೆ ಜಾತಿ ನೋಡಿ ಬೇರೆ ಬೇರೆ ಶಿಕ್ಷೆ ಹೇಳಿದವನು ಅವರ ಎದುರಿಗೆ ನಿಂತಿದ್ದಾನೆ. ಇದನ್ನ ಇತಿಹಾಸ ಅನಬ್ಯಾಡ್ರಿ. ಇತಿಹಾಸದ ಪಾಠಕ್ಕೆ ಮ್ಯೂಜಿಯಂ ಇದೆ.

ನಿಮ್ಮಂಥ ವಿದ್ಯಾರ್ಥಿಗಳೇ ಇದನ್ನು ಮಾಡಿ ತೋರಿಸಿದ್ದಾರೆ. ದಕ್ಷಿಣ ಆಫ್ರಿಕಾದ ಕೇಪ್‌ಟೌನ್ ವಿಶ್ವವಿದ್ಯಾಲಯದಲ್ಲಿ ಸೆಸಿಲ್ ರೋಡ್ಸ್ ಎಂಬ ಬಿಳಿಯ ಗಣಿ ಧಣಿಯ ಮೂರ್ತಿ ಇತ್ತು. ಕರಿಯರ ನೆಲ ಕಸಿದವನ ಕಾಲ ಕೆಳಗೆ ಕರಿಯರ ಮಕ್ಕಳು ಪಾಠಕ್ಕೆ ಹೋಗಬೇಕಿತ್ತು. 2015ರ ಮಾರ್ಚ್ 9ರಂದು ಒಬ್ಬ ವಿದ್ಯಾರ್ಥಿ, ಚರಂಡಿಯಿಲ್ಲದ ಕರಿಯರ ವಸತಿಯಿಂದ ಮಲದ ಡಬ್ಬಿ ತಂದು ಆ ಮೂರ್ತಿಗೆ ಸುರಿದ. ತಲೆಯ ಮೇಲೆ ಮಲ ಹೊತ್ತ ನಮ್ಮ ಜನಕ್ಕೆ ಆ ಡಬ್ಬಿಯ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. ಆದರೆ ಅಲ್ಲಿಗೇ ಬಿಟ್ಟಿದ್ದರೆ ಮರುದಿನ ತೊಳೆದು ಮುಗಿಸುತ್ತಿದ್ದರು. ವಿದ್ಯಾರ್ಥಿಗಳು ಸಭೆ ಮಾಡಿದರು, ವಾದ ಮಾಡಿದರು, ಆಡಳಿತ ಕಚೇರಿಯಲ್ಲಿ ಠಿಕಾಣಿ ಹೂಡಿದರು. ಕೊನೆಗೆ ವಿಶ್ವವಿದ್ಯಾಲಯದ ಆಡಳಿತವೇ ಮತ ಹಾಕಿ ಒಪ್ಪಿತು. ಏಪ್ರಿಲ್ 9ರಂದು ಹಾಡಹಗಲೇ, ಎಲ್ಲರ ಕಣ್ಣೆದುರಿಗೆ ಕ್ರೇನು ಬಂದು ಮೂರ್ತಿ ಎತ್ತಿತು. ಒಂದೇ ತಿಂಗಳು!

ಆದರೆ ಪರಕೀಯರು ನೆಟ್ಟದ್ದೆಲ್ಲ ಕೀಳಬೇಕು ಎನ್ನುವವರ ಹಿಂದೆಯೂ ನಾವು ಕಣ್ಣುಮುಚ್ಚಿ ಹೋಗಲಾರೆವು. ಬೆಂಗಳೂರಿನ ಹಡ್ಸನ್ ವೃತ್ತದಲ್ಲಿ 1791ರ ಯುದ್ಧದಲ್ಲಿ ಸತ್ತ ಕಂಪನಿ ಸೈನಿಕರ ಸ್ಮಾರಕ ಕಂಬವಿತ್ತು. 1964ರಲ್ಲಿ ಅದನ್ನು ಕೆಡವಿದರು. ಇದೇ ಲೆಕ್ಕ ಹಿಡಿದರೆ ಪುಣೆ ಹತ್ತಿರದ ಭೀಮಾ ಕೋರೆಗಾಂವದ ಕಂಬವೂ ಬೀಳಬೇಕಾಗುತ್ತದೆ. ಅದೂ ಕಂಪನಿಯವರು ನೆಟ್ಟದ್ದೇ. 1818ರ ಜನವರಿ 1ರಂದು ಪೇಶ್ವೆಯ ಸೈನ್ಯದೊಂದಿಗೆ ಕಾದಾಡಿ ಸತ್ತವರ ಹೆಸರು ಅದರ ಮೇಲಿವೆ. ಅವರಲ್ಲಿ 22 ಜನ ಮಹಾರರು. ಪೇಶ್ವೆಯ ರಾಜ್ಯದಲ್ಲಿ ನಮ್ಮವರ ಹೆಸರನ್ನು ಕಲ್ಲಿನ ಮೇಲೆ ಯಾರು ಕೆತ್ತುತ್ತಿದ್ದರು? 1927ರ ಜನವರಿ 1ರಂದು ಬಾಬಾಸಾಹೇಬರು ಅಲ್ಲಿಗೆ ಹೋಗಿ ನಿಂತರು. ಬಿಳಿಯರ ವಿಜಯದ ಕಂಬ ಅಂದಿನಿಂದ ನಮ್ಮ ಕಂಬವಾಯಿತು. ಆದ್ದರಿಂದ ಕಲ್ಲನ್ನು ನೆಟ್ಟವರು ಯಾರು ಅಂತ ಕೇಳಿದರಷ್ಟೇ ಸಾಲದು. ಅದರ ಮುಂದೆ ಇವತ್ತು ಯಾರು ತಲೆ ಎತ್ತುತ್ತಾರೆ, ಯಾರು ತಲೆ ತಗ್ಗಿಸಬೇಕಾಗುತ್ತದೆ ಅಂತಲೂ ಕೇಳಬೇಕು.

ಇಲ್ಲಿ ನಮ್ಮ ಮೇಲೆ ಒಂದು ಪ್ರಶ್ನೆ ಎಸೆಯುತ್ತಾರೆ. 'ನೀವು ಮನುವನ್ನ ತೆಗೀರಿ ಅಂತೀರಿ. ನಾಳೆ ನಾವು ಅಂಬೇಡ್ಕರರನ್ನ ತೆಗೀರಿ ಅಂದರ?' ಅವರು ನಾಳೆಯ ತನಕ ಕಾದಿಲ್ಲ. 1997ರ ಜುಲೈ 11ರಂದು ಮುಂಬಯಿಯ ಘಾಟಕೋಪರದ ರಮಾಬಾಯಿ ನಗರದಲ್ಲಿ ಬಾಬಾಸಾಹೇಬರ ಮೂರ್ತಿಗೆ ಚಪ್ಪಲಿ ಹಾರ ಹಾಕಿದರು. ಅದನ್ನು ಪ್ರತಿಭಟಿಸಿದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದರು, ಹತ್ತು ಜನ ಸತ್ತರು. 2024ರ ಜನವರಿಯಲ್ಲಿ ನಮ್ಮ ಕಲಬುರಗಿಯಲ್ಲೂ ಬಾಬಾಸಾಹೇಬರ ಮೂರ್ತಿಗೆ ಅಪಮಾನವಾಯಿತು. ತಮಿಳುನಾಡಿನಲ್ಲಿ ಎಷ್ಟೋ ಕಡೆ ಅವರ ಮೂರ್ತಿಯನ್ನು ಕಬ್ಬಿಣದ ಪಂಜರದಲ್ಲಿ ಇಟ್ಟಿದ್ದಾರೆ.

ಆದರೂ ಪ್ರಶ್ನೆಗೆ ಉತ್ತರ ಕೊಡೋಣ, ತಪ್ಪಿಸಿಕೊಳ್ಳುವುದು ಬೇಡ. ನಮ್ಮ ಅಜ್ಜಂದಿರು ಕಾಲ್ಮರಿ ಕೈಯಾಗ ಹಿಡಕೊಂಡು ದಾಟುತ್ತಿದ್ದ ಓಣಿಯಲ್ಲಿ ಬಾಬಾಸಾಹೇಬರು ಬೂಟು ಹಾಕಿಕೊಂಡು ನಿಂತಿದ್ದಾರೆ. ಅವರ ಕೈಯಲ್ಲಿರುವ ಪುಸ್ತಕ ಗೌಡನಿಗೂ ಒಂದೇ ಓಟು, ಜೀತದವನಿಗೂ ಒಂದೇ ಓಟು ಅನ್ನುತ್ತದೆ. ಆ ಮೂರ್ತಿಯ ಮುಂದೆ ಯಾರೂ ಕೀಳಾಗಬೇಕಾಗಿಲ್ಲ. ಮನುವಿನ ಮೂರ್ತಿಯ ಬಗ್ಗೆ ಇದೇ ಮಾತು ಹೇಳ್ತೀರೇನು ಅಂತ ನಾವು ತಿರುಗಿ ಕೇಳುತ್ತೇವೆ.

ಈಗ ನಮ್ಮ ಮನೆಯ ಮಾತು. 1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಬಾಬಾಸಾಹೇಬರು ರಾಜಕಾರಣದಲ್ಲಿ ವ್ಯಕ್ತಿಪೂಜೆ ಸರ್ವಾಧಿಕಾರಕ್ಕೆ ದಾರಿ ಎಂದು ಎಚ್ಚರಿಸಿದರು. ನಾವು ಏನು ಮಾಡುತ್ತಿದ್ದೇವೆ? ಏಪ್ರಿಲ್ 14ಕ್ಕೆ ಹಾರ, 15ಕ್ಕೆ ಒಣಗಿದ ಹೂವು. ಅವರ ಪುಸ್ತಕ ಹಾಸ್ಟೆಲ್ಲಿನ ಕಪಾಟಿನಲ್ಲಿ, ಕಪಾಟಿಗೆ ಬೀಗ. ಆ ಬೀಗ ತೆಗೆಸುವುದೂ ಚಳವಳಿಯೇ.

ಕೊನೆಗೆ ಮಾಡಬೇಕಾದ ಕೆಲಸ. ಸಾರ್ವಜನಿಕ ರಸ್ತೆಗಳಲ್ಲಿ ಮೂರ್ತಿ ನಿಲ್ಲಿಸಲು ಅನುಮತಿ ಕೊಡಬಾರದೆಂದು 2013ರ ಜನವರಿಯಲ್ಲಿ ಸುಪ್ರೀಂ ಕೋರ್ಟು ರಾಜ್ಯಗಳಿಗೆ ಆದೇಶ ಕೊಟ್ಟಿದೆ. ಇದು ಎಲ್ಲರಿಗೂ ಅನ್ವಯ, ನಮಗೂ ಅನ್ವಯ. ನಮ್ಮ ಮೂರ್ತಿ ನಿಲ್ಲಬೇಕಾದರೆ ಜಾಗದ ಕಾಗದ, ಅನುಮತಿ ಕೈಯಲ್ಲಿರಲಿ. ಅವಮಾನಿಸುವ ಮೂರ್ತಿ ಹೋಗಬೇಕಾದರೆ ಗ್ರಾಮಸಭೆಯಲ್ಲಿ ಎದ್ದು ನಿಂತು ಕಾರಣ ಹೇಳಿ, ಅರ್ಜಿ ಬರೆಯಿರಿ, ಸಹಿ ಕೂಡಿಸಿ, ಠರಾವು ಮಾಡಿಸಿ. ತೆಗೆದ ಮೂರ್ತಿಯನ್ನು ಒಡೆಯಬೇಡಿ. ಮ್ಯೂಜಿಯಂನಲ್ಲಿ ಇಟ್ಟು ಅವನು ಯಾರು, ಏನು ಮಾಡಿದ, ಯಾಕೆ ತೆಗೆದೆವು ಅಂತ ಬರೆದು ಹಚ್ಚಬೇಕು. ನಮ್ಮ ಮೊಮ್ಮಕ್ಕಳು ಓದಬೇಕು.

ರಾತ್ರಿ ಲಾರಿ ಬಂದು ಕರೆದರ ಹತ್ತಬ್ಯಾಡ್ರಿ. ಹಗಲು ಕರೆದರ ಮೊದಲು ಕಾರಣ ಕೇಳ್ರಿ. ಕಾರಣ ಸರಿ ಇದ್ದರ, ಎಲ್ಲರಿಗಿಂತ ಮುಂದ ನಾವೇ ಹೋಗೂಣು.

ಜೈ ಭೀಮ್.