ನಮಗಾಗಿ ಒಂದು ಪಯಣ

(ಸೂರಗೊಂಡನಕೊಪ್ಪದಲ್ಲಿ ಮಹಿಳಾ ಸ್ವಸಹಾಯ ಸಂಘಗಳ ಸಭೆಯಲ್ಲಿ ಮಾಡಿದ ಭಾಷಣ)



ಸಂತ ಸೇವಾಲಾಲರು 1739ರ ಫೆಬ್ರವರಿ 15ರಂದು ಹುಟ್ಟಿದರೆಂದು ಭಕ್ತರು ನಂಬುವ ನೆಲ ಇದು. ಪ್ರತಿ ಫೆಬ್ರವರಿಯಲ್ಲಿ ಮಾಲೆ ಧರಿಸಿದವರು ದೂರದೂರುಗಳಿಂದ ಇಲ್ಲಿಗೆ ನಡೆದು ಬರುತ್ತಾರೆ. ಎತ್ತುಗಳ ಮೇಲೆ ಉಪ್ಪು, ಧಾನ್ಯ ಹೇರಿಕೊಂಡು ತಿರುಗಿದ ಲಂಬಾಣಿ ಹಿರಿಯರಿಗೆ ಪಯಣವೇ ಬದುಕಾಗಿತ್ತು. ಹಾಗಾಗಿ ಇವತ್ತಿನ ವಿಷಯ ನಿಮಗೆ ಹೊಸದಲ್ಲ.

ಒಂದು ಪ್ರಶ್ನೆ ಕೇಳುತ್ತೇನೆ. ಕಳೆದ ಹತ್ತು ವರ್ಷಗಳಲ್ಲಿ ನೀವು ಎಲ್ಲೆಲ್ಲಿಗೆ ಹೋಗಿದ್ದೀರಿ? ಕಬ್ಬು ಕಡಿಯಲು, ಕಾಫಿ ತೋಟದ ಕೂಲಿಗೆ, ಮಗಳ ಬಾಣಂತನಕ್ಕೆ, ಆಸ್ಪತ್ರೆಗೆ, ಸಾವಿನ ಮನೆಗೆ. ನಿಮ್ಮ ಮನಸ್ಸಿಗಾಗಿ ಎಷ್ಟು ಸಲ ಬಸ್ಸು ಹತ್ತಿದ್ದೀರಿ?

ಸಾಮಾನ್ಯವಾಗಿ 45ರಿಂದ 55ರ ನಡುವೆ ಮುಟ್ಟು ನಿಲ್ಲುತ್ತೆ. ಇದ್ದಕ್ಕಿದ್ದಂತೆ ಮೈ ಬಿಸಿಯಾಗುತ್ತೆ, ನಿದ್ದೆ ಹತ್ತೋದಿಲ್ಲ. ಅದೇ ಹೊತ್ತಿಗೆ ಮಕ್ಕಳು ಊರು ಬಿಟ್ಟಿರುತ್ತಾರೆ. "ಇಷ್ಟು ದಿನ ದುಡಿದೆ, ಇನ್ನು ನಾನು ಯಾರಿಗೆ ಬೇಕು?" ಅನ್ನಿಸುತ್ತೆ. ಇದು ದೆವ್ವದ ಕಾಟವೂ ಅಲ್ಲ, ಸೋಮಾರಿತನವೂ ಅಲ್ಲ. ನಡುವಯಸ್ಸಿನ ಬಳಲಿಕೆ.

ಇಂಥ ಹೊತ್ತಿನಲ್ಲಿ ಒಂದು ದಿನ ಹೊರಗೆ ಹೋಗಿ ಬಂದರೆ ಮನಸ್ಸು ಹಗುರಾಗುತ್ತದೆ. ತೀರ್ಥರಾಮೇಶ್ವರವಿದೆ, ಸೂಳೆಕೆರೆಯಿದೆ, ಸಂತೇಬೆನ್ನೂರಿನ ಪುಷ್ಕರಣಿಯಿದೆ. 2023ರ ಜೂನ್ 11ರಂದು ಜಾರಿಯಾದ ಶಕ್ತಿ ಯೋಜನೆಯಲ್ಲಿ, ರಾಜ್ಯದೊಳಗೆ ಸರ್ಕಾರಿ ಸಾಮಾನ್ಯ ಬಸ್ಸುಗಳಲ್ಲಿ ನಮಗೆ ದುಡ್ಡಿಲ್ಲದ ಟಿಕೆಟ್. ಖಾಸಗಿ ಬಸ್ಸಿಗೆ ಇದು ಅನ್ವಯಿಸುವುದಿಲ್ಲ. ಗುರುತಿನ ಚೀಟಿ ಮರೆಯಬೇಡಿ. ಮೂರು ನಾಲ್ಕು ಜನ ಜೊತೆಯಾಗಿ, ಬುತ್ತಿ ಕಟ್ಟಿಕೊಂಡು, ಮನೆಯಲ್ಲಿ ಹೇಳಿ ಹೋಗಿ. ಪ್ರವಾಸಕ್ಕೆಂದು ಸಂಘದಲ್ಲಿ ಸಾಲ ಮಾತ್ರ ಎತ್ತಬೇಡಿ.

ಆದರೆ ಪಯಣವೇ ಎಲ್ಲದಕ್ಕೂ ಔಷಧಿಯಲ್ಲ. ಎರಡು ವಾರ ಕಳೆದರೂ ದುಃಖ ಇಳಿಯದಿದ್ದರೆ, ಸಾಯುವ ಯೋಚನೆ ಬಂದರೆ, ಕೂಡಲೇ 14416ಕ್ಕೆ ಫೋನ್ ಮಾಡಿ. ಇದು ಟೆಲಿ ಮಾನಸ್ ಸಹಾಯವಾಣಿ; ಹಗಲು ರಾತ್ರಿ ಉಚಿತ, ಕನ್ನಡದಲ್ಲೇ ಮಾತಾಡಬಹುದು. ಮುಟ್ಟು ನಿಂತು ವರ್ಷವಾದ ಮೇಲೆ ಮತ್ತೆ ರಕ್ತ ಕಂಡರೆ ನಾಚಿಕೆ ಬಿಟ್ಟು ವೈದ್ಯರಿಗೆ ತೋರಿಸಿ.

ಇನ್ನೊಂದು ಮಾತು. ನೀವು ಹೋದ ದಿನ ಮನೆಯಲ್ಲಿ ಯಾರೋ ಒಬ್ಬರು ಒಲೆ ಹಚ್ಚಿರುತ್ತಾರೆ, ನೀರು ತಂದಿರುತ್ತಾರೆ. ಬಂದ ಮೇಲೂ ಅದು ವಾರಕ್ಕೊಂದು ದಿನವಾದರೂ ನಡೆಯಲಿ. ಇಲ್ಲದಿದ್ದರೆ ಕಳೆದ ಆಯಾಸ ಮೂರೇ ದಿನಕ್ಕೆ ವಾಪಸ್ ಬರುತ್ತದೆ.

ಮುಂದಿನ ತಿಂಗಳ ಸಭೆಯಲ್ಲಿ ಉಳಿತಾಯದ ಲೆಕ್ಕ ಮುಗಿದ ಮೇಲೆ ಎಲ್ಲಿಗೆ ಹೋಗಿ ಬಂದಿರಿ ಅಂತ ಹೇಳಬೇಕು. ಕೇಳಲು ನಾನೂ ಬರುತ್ತೇನೆ.