ಅನುಕಂಪದ ನೌಕರಿ: ಒಂದು ವರ್ಷದ ಗಡುವು ಮರೆಯಬೇಡಿ

(ನಗರದ ಕನ್ನಡ ಯುವಕರ ಸಭೆಯೊಂದರಲ್ಲಿ ಮುದ್ರಣಾಲಯದ ಮಾಲೀಕರೊಬ್ಬರು ಆಡಿದ ಮಾತುಗಳು)



ನಾನು ಭಾಷಣಕಾರನಲ್ಲ. ಓದಿದ್ದು ಪಿಯುಸಿ. ಪ್ರೆಸ್ಸು ನಡೆಸಿ ಹೊಟ್ಟೆ ಹೊರೆಯುವವನು. ನನ್ನ ಪ್ರೆಸ್ಸಿಗೆ ಮದುವೆ ಕಾರ್ಡಿನವರೂ ಬರುತ್ತಾರೆ, ವೈಕುಂಠ ಸಮಾರಾಧನೆ, ಶಿವಗಣಾರಾಧನೆ ಕಾರ್ಡಿನವರೂ ಬರುತ್ತಾರೆ. ಸಾವಿನ ಕಾರ್ಡು ಹಾಕಿಸಲು ಬಂದವರನ್ನು ನಾನು ಒಂದು ಪ್ರಶ್ನೆ ಕೇಳುತ್ತೇನೆ: "ತೀರಿಕೊಂಡವರು ಸರ್ಕಾರಿ ನೌಕರಿಯಲ್ಲಿದ್ದರೆ?" ಹೌದು ಎಂದರೆ, "ಹಾಗಾದರೆ ಒಂದು ವರ್ಷದೊಳಗೆ ಅರ್ಜಿ ಕೊಡಿ" ಎನ್ನುತ್ತೇನೆ. ಕೆಲವರು ನನ್ನ ಮುಖ ನೋಡುತ್ತಾರೆ. ಸೂತಕದ ಮನೆಯವರ ಹತ್ತಿರ ಇದೆಂಥ ಮಾತು ಎಂದು!

ಏಕೆ ಹೇಳುತ್ತೇನೆ ಗೊತ್ತೆ? ನನ್ನ ಅಪ್ಪ ಒಂದು ಕಚೇರಿಯಲ್ಲಿ ಜವಾನರಾಗಿದ್ದರು. ಸೇವೆಯಲ್ಲಿರುವಾಗಲೇ ತೀರಿಕೊಂಡರು. ನನಗೆ ಆಗ ತಾನೇ ಹದಿನೆಂಟು ತುಂಬಿತ್ತು. ಅಪ್ಪನ ಪರಿಚಯದವನೊಬ್ಬ ಬಂದು, "ಒಳಗೆ ಮಾತಾಡಿದ್ದೇನೆ, ನಿಮ್ಮ ಹುಡುಗನ ಕೆಲಸ ಗ್ಯಾರಂಟಿ" ಎಂದ. ಅಮ್ಮ ಬಳೆ ಮಾರಿ ದುಡ್ಡು ಕೊಟ್ಟಳು. ಇವತ್ತು, ನಾಳೆ ಎಂದು ಒಂದೂವರೆ ವರ್ಷ ಕಳೆಯಿತು. ಕೊನೆಗೆ ನಾವೇ ಕಚೇರಿಗೆ ಹೋದೆವು. ಅಲ್ಲಿ ನಮ್ಮ ಹೆಸರಿನ ಅರ್ಜಿಯೇ ಇರಲಿಲ್ಲ! "ಅವಧಿ ಮೀರಿದೆ" ಎಂದು ಹಿಂಬರಹ ಕೊಟ್ಟರು. ಮಾರನೆಯ ವಾರ ನಾನು ಪ್ರೆಸ್ಸೊಂದರಲ್ಲಿ ಮೊಳೆ ಜೋಡಿಸಲು ನಿಂತೆ. ಅಮ್ಮ ಅದೊಂದು ಕೊರಗನ್ನು ಕೊನೆಯವರೆಗೂ ಬಿಡಲಿಲ್ಲ.

ಇಲ್ಲಿರುವ ಅನೇಕರು ಕೆಪಿಎಸ್‌ಸಿ ಪರೀಕ್ಷೆಗೆ ಓದುತ್ತಿದ್ದೀರಿ. "ನಾವು ಹಗಲು ರಾತ್ರಿ ಓದಬೇಕು, ಇವರಿಗೆ ಅಪ್ಪ ಸತ್ತರೆ ಕೆಲಸವೆ?" ಎಂದು ನಿಮ್ಮಲ್ಲೊಬ್ಬರು ಆಗಲೇ ಕೇಳಿದಿರಿ. ನ್ಯಾಯವಾದ ಪ್ರಶ್ನೆ. ಸುಪ್ರೀಂ ಕೋರ್ಟೂ ಇದೇ ಪ್ರಶ್ನೆಯನ್ನು ಎತ್ತಿಕೊಂಡಿದೆ. ಹರಿಯಾಣ ಸರ್ಕಾರದ ವಿರುದ್ಧದ ಮೊಕದ್ದಮೆಯೊಂದರಲ್ಲಿ 1994ರಲ್ಲಿ ಅದು ಸ್ಪಷ್ಟವಾಗಿ ಹೇಳಿತು: ಸರ್ಕಾರಿ ಕೆಲಸ ಎಲ್ಲರಿಗೂ ಮುಕ್ತ ಸ್ಪರ್ಧೆಯಲ್ಲೇ ಸಿಗಬೇಕು, ಅನುಕಂಪದ ನೇಮಕಾತಿ ಅದಕ್ಕೊಂದು ವಿನಾಯಿತಿ ಅಷ್ಟೆ. ಅದು ಪಿತ್ರಾರ್ಜಿತ ಆಸ್ತಿಯಲ್ಲ. ದುಡಿಯುವ ಕೈ ಹಠಾತ್ತನೆ ಬಿದ್ದುಹೋದಾಗ ಮನೆ ಕುಸಿಯದಂತೆ ಕೊಡುವ ಊರುಗೋಲು. ಆದ್ದರಿಂದಲೇ ಅದು ಕೆಳಹಂತದ ಹುದ್ದೆಗಳಿಗೆ ಮಾತ್ರ. ನಮ್ಮ ರಾಜ್ಯದಲ್ಲೂ 'ಸಿ' ಮತ್ತು 'ಡಿ' ಗುಂಪಿನ ಹುದ್ದೆಗಳಷ್ಟೇ. ಅಪ್ಪ ದೊಡ್ಡ ಅಧಿಕಾರಿಯಾಗಿದ್ದರೆ ಮಗನೂ ಅದೇ ಕುರ್ಚಿಯಲ್ಲಿ ಕೂರುವಂತಿಲ್ಲ.

ಹಾಗೆಂದು ಇದು ಭಿಕ್ಷೆಯೂ ಅಲ್ಲ. 1989ರಲ್ಲಿ ವಿಧವೆಯೊಬ್ಬರ ಮೊಕದ್ದಮೆಯಲ್ಲಿ ಅದೇ ಸುಪ್ರೀಂ ಕೋರ್ಟು, ಇಂಥ ನೇಮಕಾತಿಯಲ್ಲಿ ವಿಳಂಬ ಕೂಡದು ಎಂದಿತು. ಆಕೆ ಪರೀಕ್ಷೆ ಪಾಸು ಮಾಡಿದ್ದರೂ ವರ್ಷಗಟ್ಟಲೆ ಅಲೆಸಿ, ಹೆಂಗಸು ಎಂಬ ನೆಪದಲ್ಲಿ ಕೆಲಸ ನಿರಾಕರಿಸಿದ್ದರು. ಅಂದರೆ ಗಡಿಯಾರ ಎರಡೂ ಕಡೆ ಓಡುತ್ತಿರುತ್ತದೆ. ನಾವು ತಡಮಾಡಿದರೆ ಹಕ್ಕು ಹೋಗುತ್ತದೆ, ಕಚೇರಿ ತಡಮಾಡಿದರೆ ಯೋಜನೆಯ ಉದ್ದೇಶವೇ ಸಾಯುತ್ತದೆ.

ಕರ್ನಾಟಕದಲ್ಲಿ ಇದಕ್ಕೆ 1996ರ ನಿಯಮಗಳಿವೆ. ಮುಖ್ಯವಾದ ನಾಲ್ಕು ಮಾತು ಮನಸ್ಸಿನಲ್ಲಿಡಿ. ಒಂದು, ಸಾವಿನ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಬೇಕು. ಮಕ್ಕಳು ಅಪ್ರಾಪ್ತರಾಗಿದ್ದರೆ ಬೇರೆ ಷರತ್ತಿದೆ; ಅದು ತಿದ್ದುಪಡಿಯಾಗುತ್ತ ಬಂದಿದೆ, ಈಗಿನದನ್ನು ಕೇಳಿಯೇ ತಿಳಿಯಿರಿ. ಎರಡು, ಮನೆ ನಿಜಕ್ಕೂ ಕಷ್ಟದಲ್ಲಿದೆ ಎಂದು ತೋರಿಸಬೇಕು. ಮೂರು, ಗಂಡ ತೀರಿಕೊಂಡಿದ್ದರೆ ಮೊದಲ ಅವಕಾಶ ಹೆಂಡತಿಗೆ. ಆಕೆಗೆ ಅರ್ಹತೆ ಇಲ್ಲದಿದ್ದರೆ, ಅಥವಾ ತಕ್ಕ ಕಾರಣಕ್ಕೆ ಬೇಡವೆಂದರೆ, ಮಕ್ಕಳಿಗೆ. ನಾಲ್ಕು, ಹುದ್ದೆಗೆ ತಕ್ಕ ವಿದ್ಯಾರ್ಹತೆ ಬೇಕು.

ತಂಗಿಯರೆ, ಇದು ನಿಮಗೆ. ಬಹಳ ವರ್ಷ ಈ ನಿಯಮದಲ್ಲಿ "ಅವಿವಾಹಿತ ಮಗಳು" ಎಂದಿತ್ತು. ಮದುವೆಯಾದ ಮಗನಿಗೆ ಅಡ್ಡಿಯಿಲ್ಲ, ಮದುವೆಯಾದ ಮಗಳಿಗೆ ಬಾಗಿಲು ಬಂದ್! 2020ರ ಡಿಸೆಂಬರಿನಲ್ಲಿ ನಮ್ಮ ಹೈಕೋರ್ಟು ಇದು ತಾರತಮ್ಯ ಎಂದು "ಅವಿವಾಹಿತ" ಎಂಬ ಪದವನ್ನೇ ಹೊಡೆದು ಹಾಕಿತು. 2021ರಲ್ಲಿ ಇಂಥದೇ ಇನ್ನೊಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ರಾಜ್ಯ ಸರ್ಕಾರದ ಮೇಲ್ಮನವಿಯನ್ನು ತಳ್ಳಿಹಾಕಿತು. "ಕೊಟ್ಟ ಹೆಣ್ಣು ಕುಲಕ್ಕೆ ಹೊರಗೆ" ಎಂದು ಕಚೇರಿಯಲ್ಲಿ ಯಾರಾದರೂ ಹೇಳಿದರೆ ಈ ತೀರ್ಪಿನ ಮಾತು ಎತ್ತಿ.

ಈಗ ನನ್ನ ಅನುಭವದ ಮಾತು. ದಲ್ಲಾಳಿಗೆ ಒಂದು ಪೈಸೆ ಕೊಡಬೇಡಿ. ಅರ್ಜಿಯನ್ನು ಸತ್ತವರು ದುಡಿಯುತ್ತಿದ್ದ ಕಚೇರಿಯಲ್ಲಿ ನೀವೇ ಕೊಡಿ. ಕನ್ನಡದಲ್ಲೇ ಬರೆಯಿರಿ, ಕನ್ನಡ ನಮ್ಮ ರಾಜ್ಯದ ಆಡಳಿತ ಭಾಷೆ, ಯಾರ ಅಪ್ಪಣೆಯೂ ಬೇಕಿಲ್ಲ. ಪ್ರತಿಯ ಮೇಲೆ ಮೊಹರು, ತಾರೀಖು, ಸಹಿ ಹಾಕಿಸಿಕೊಳ್ಳದೆ ಮೆಟ್ಟಿಲು ಇಳಿಯಬೇಡಿ. ನಿರಾಕರಿಸಿದರೆ ಕಾರಣ ಬರೆದ ಹಿಂಬರಹ ಕೇಳಿ. ಬಾಯಿಮಾತಿನ "ಆಗಲ್ಲ ಹೋಗಿ" ಹಿಡಿದುಕೊಂಡು ಯಾವ ಕೋರ್ಟಿಗೂ ಹೋಗಲಾಗದು.

ಇನ್ನೊಂದು. ಕೆಲಸ ಸಿಕ್ಕ ಮೇಲೆ ತಾಯಿಯನ್ನೂ ತಮ್ಮ ತಂಗಿಯರನ್ನೂ ಮರೆತವರನ್ನು ನಾನು ಕಂಡಿದ್ದೇನೆ. ಆ ಸಂಬಳ ನಿಮ್ಮೊಬ್ಬರದಲ್ಲ. ಮನೆ ಮುಳುಗಬಾರದು ಎಂದು ಕೊಟ್ಟದ್ದು. ಅದನ್ನು ಒಬ್ಬರೇ ತಿಂದರೆ, ಪರೀಕ್ಷೆಗೆ ಓದುತ್ತಿರುವ ಈ ಹುಡುಗರಿಗೂ ದ್ರೋಹ.

ಗೆಳೆಯರೆ, ಈ ತೀರ್ಪುಗಳ ಮೂಲ ಇಂಗ್ಲಿಷಿನಲ್ಲಿದೆ. ಗಂಡನನ್ನು ಕಳೆದುಕೊಂಡು ಮೂಲೆಯಲ್ಲಿ ಕುಳಿತ ತಾಯಿ ಅವನ್ನು ಓದುವುದು ಯಾವಾಗ? ನಿಮ್ಮಲ್ಲಿ ಕಾನೂನು ಓದುವವರಿದ್ದೀರಿ. ಈಗ ಜಾರಿಯಲ್ಲಿರುವ ನಿಯಮ ನೋಡಿ, ಒಂದೇ ಪುಟದಲ್ಲಿ, ಅಮ್ಮಂದಿರಿಗೆ ಅರ್ಥವಾಗುವ ಕನ್ನಡದಲ್ಲಿ ಬರೆದು ಕೊಡಿ. ಕಾಗದ ನನ್ನದು, ಶಾಯಿ ನನ್ನದು, ಅಚ್ಚಿನ ಕೂಲಿ ಬೇಡ. ಮನೆಮನೆಗೆ ಮುಟ್ಟಿಸುವ ಕೆಲಸ ನಿಮ್ಮದು.